ತ್ಲೋನ್ ಲೋಕದ ಒಂಬತ್ತು ತಾಮ್ರದ ನಾಣ್ಯಗಳು

ನಮ್ಮ ಸಂಘದ ಸಾಹಿತ್ಯ ಕೂಟದಲ್ಲಿ ಈಚೆಗೆ ಲ್ಯಾಟಿನ್ ಅಮೆರಿಕದ ಕಥೆಗಳ ಮಾತು ಬಂದಾಗ ಹಿರಿಯ ಮಿತ್ರರೊಬ್ಬರು, "ಬೋರ್ಹೆಸ್ ಬರೆದದ್ದು ಕಥೆಯಲ್ಲ, ಬುದ್ಧಿಯ ಗರಡಿಮನೆ. ಅಲ್ಲಿ ಬೆವರುಂಟು, ಕಣ್ಣೀರಿಲ್ಲ" ಎಂದು ತೀರ್ಪು ಕೊಟ್ಟುಬಿಟ್ಟರು. ಅಂದು ನಾವು ಉತ್ತರಿಸಲಿಲ್ಲ. ಕೂಟ ಮುಗಿದು ಬಸ್ಸಿನಲ್ಲಿ ಮನೆಗೆ ಬರುವಾಗ ಉತ್ತರ ಹೊಳೆಯಿತು. ಇದು ನಮ್ಮ ಹಳೆಯ ಕಾಯಿಲೆ. ಆ ಉತ್ತರವನ್ನೇ ಇಲ್ಲಿ ಬರೆದಿಡುತ್ತಿದ್ದೇವೆ.

ಮಿತ್ರರ ಮಾತಿಗೆ ಗುರಿಯಾದ ಕಥೆ 'ತ್ಲೋನ್, ಉಕ್ಬಾರ್, ಓರ್ಬಿಸ್ ಟರ್ಶಿಯಸ್'. ಅರ್ಜೆಂಟೀನಾದ ಹೊರ್ಹೆ ಲೂಯಿಸ್ ಬೋರ್ಹೆಸ್ (1899–1986) ಇದನ್ನು 1940ರಲ್ಲಿ ಬ್ಯೂನಸ್ ಐರಿಸ್ ನಗರದ 'ಸುರ್' ಎಂಬ ಪತ್ರಿಕೆಯಲ್ಲಿ ಪ್ರಕಟಿಸಿದ. 1944ರ 'ಫಿಕ್ಸಿಯೋನೆಸ್' ಸಂಗ್ರಹದಲ್ಲಿ ಅದು ಸೇರಿತು. 1961ರಲ್ಲಿ ಇಂಗ್ಲಿಷಿಗೆ ಬಂತು. ನಮಗೆ ಸಿಕ್ಕಿದ್ದು ದೆಹಲಿಯ ದರಿಯಾಗಂಜಿನ ಭಾನುವಾರದ ಪುಸ್ತಕ ಸಂತೆಯಲ್ಲಿ. ಆ ಸಂತೆ ಆಗ ಇನ್ನೂ ಫುಟ್‌ಪಾತಿನ ಮೇಲೇ ಇತ್ತು. 2019ರಲ್ಲಿ ಅದನ್ನು ಅಲ್ಲಿಂದ ಎಬ್ಬಿಸಿದರು. ಮೊದಲ ಸಲ ಓದಿದಾಗ ನಮಗೂ ಮಿತ್ರರ ಅಭಿಪ್ರಾಯವೇ ಆಗಿತ್ತು ಎಂಬುದನ್ನು ಮುಚ್ಚಿಡಬೇಕಾಗಿಲ್ಲ.

ಕಥೆ ಓದದವರಿಗಾಗಿ ಅದರ ಹಂದರವನ್ನು ಹೇಳಬೇಕು. ಒಂದು ರಾತ್ರಿ ಊಟವಾದ ಮೇಲೆ ಗೆಳೆಯ ಬಿಯೊಯ್ ಕಾಸಾರೆಸ್ ಉಕ್ಬಾರ್ ಎಂಬ ದೇಶದ ಪಾಷಂಡಿಯೊಬ್ಬನ ಮಾತನ್ನು ನೆನೆಯುತ್ತಾನೆ. (ಇವನು ನಿಜವಾದ ಲೇಖಕ, ಬೋರ್ಹೆಸ್‌ನ ನಿಜವಾದ ಗೆಳೆಯ, ಕಥೆಯಲ್ಲೂ ಸ್ವಂತ ಹೆಸರಿನಿಂದಲೇ ಬರುತ್ತಾನೆ.) ಎಲ್ಲಿ ಓದಿದೆ ಎಂದು ಕೇಳಿದರೆ ಒಂದು ವಿಶ್ವಕೋಶದ ಹೆಸರು ಹೇಳುತ್ತಾನೆ. ಆ ಮನೆಯಲ್ಲೇ ಇದ್ದ ಪ್ರತಿಯಲ್ಲಿ ಉಕ್ಬಾರ್ ಇಲ್ಲ. ಬಿಯೊಯ್ ತನ್ನ ಪ್ರತಿಯನ್ನು ತಂದು ತೋರಿಸಿದರೆ ಇದೆ. ಒಂದರಲ್ಲಿ 917 ಪುಟ, ಇನ್ನೊಂದರಲ್ಲಿ 921. ಹೆಚ್ಚಾದ ನಾಲ್ಕು ಪುಟಗಳಲ್ಲಿ ಒಂದು ದೇಶ! ಕಚೇರಿಯಲ್ಲಿ ಫೈಲಿಗೆ ಪುಟಸಂಖ್ಯೆ ಹಾಕುವ ಕೆಲಸ ಮಾಡಿದವರಿಗೆ ಈ ನಾಲ್ಕು ಪುಟಗಳ ಭಯ ಚೆನ್ನಾಗಿ ಅರ್ಥವಾಗುತ್ತದೆ.

ಮುಂದೆ 1937ರಲ್ಲಿ ಹರ್ಬರ್ಟ್ ಆ್ಯಶ್ ಎಂಬ ರೈಲ್ವೆ ಎಂಜಿನಿಯರ್ ತೀರಿಕೊಳ್ಳುತ್ತಾನೆ. ಅವನು ಹೋಟೆಲಿನಲ್ಲಿ ಬಿಟ್ಟುಹೋದ ಒಂದು ಪುಸ್ತಕ ನಿರೂಪಕನ ಕೈಗೆ ಬರುತ್ತದೆ: 1001 ಪುಟಗಳ, ತ್ಲೋನ್ ಎಂಬ ಗ್ರಹದ ವಿಶ್ವಕೋಶದ ಹನ್ನೊಂದನೆಯ ಸಂಪುಟ. ಇಲ್ಲದ ಒಂದು ಲೋಕಕ್ಕೆ ಭಾಷೆ, ಗಣಿತ, ದರ್ಶನ, ವಾದವಿವಾದ ಎಲ್ಲವನ್ನೂ ಯಾರೋ ಕಲ್ಪಿಸಿ ಬರೆದಿದ್ದಾರೆ. ಕೊನೆಗೆ ತಿಳಿಯುವುದೇನೆಂದರೆ, ಇದು ಶತಮಾನಗಳಿಂದ ಗುಟ್ಟಾಗಿ ಕೆಲಸ ಮಾಡಿದ ಒಂದು ಕೂಟದ ಕೃತಿ. ಅಮೆರಿಕದ ಕೋಟ್ಯಧೀಶನೊಬ್ಬನ ಹಣದಿಂದ 40 ಸಂಪುಟಗಳಿಗೆ ಬೆಳೆದದ್ದು. ಆಮೇಲೆ ತ್ಲೋನ್‌ನ ವಸ್ತುಗಳು ಒಂದೊಂದಾಗಿ ನಮ್ಮ ಲೋಕದಲ್ಲಿ ಕಾಣಿಸಿಕೊಳ್ಳುತ್ತವೆ. ಒಂದು ದಿಕ್ಸೂಚಿ, ದಾಳದಷ್ಟೇ ಗಾತ್ರವಿದ್ದರೂ ಎತ್ತಲಾರದಷ್ಟು ಭಾರವಾದ ಒಂದು ಲೋಹದ ಶಂಕು. ಜನ ಮರುಳಾಗುತ್ತಾರೆ. ಶಾಲೆಗಳಲ್ಲಿ ತ್ಲೋನ್‌ನ ಭಾಷೆ, ತ್ಲೋನ್‌ನ ಇತಿಹಾಸ ಬರುತ್ತವೆ. ನಮ್ಮ ಲೋಕ ತನ್ನನ್ನು ತಾನೇ ಬಿಟ್ಟುಕೊಡುತ್ತದೆ.

ಈಗ ತ್ಲೋನ್‌ನ ದರ್ಶನಕ್ಕೆ ಬರೋಣ. ಅಲ್ಲಿ ವಸ್ತುವಿಲ್ಲ, ತೋರಿಕೆ ಮಾತ್ರ. ಅದರ ದಕ್ಷಿಣಾರ್ಧದ ಭಾಷೆಗಳಲ್ಲಿ ನಾಮಪದವೇ ಇಲ್ಲ, ಕರ್ತೃವಿಲ್ಲದ ಕ್ರಿಯಾಪದಗಳಷ್ಟೇ. ಚಂದ್ರನೆಂಬ ಪದವಿಲ್ಲ, 'ಚಂದ್ರಿಸು' ಎನ್ನುವಂಥ ಕ್ರಿಯೆ ಉಂಟು. ಉತ್ತರಾರ್ಧದವರು ಗುಣವಾಚಕಗಳನ್ನು ರಾಶಿ ಹಾಕಿ ಮಾತಾಡುತ್ತಾರೆ: ಒಂದು ಬಣ್ಣ, ಒಂದು ಆಕಾರ, ಒಂದಿಷ್ಟು ಬೆಳಕು ಸೇರಿದರೆ ಚಂದ್ರ. ಮುಂಜಾನೆಯ ಬಣ್ಣವನ್ನೂ ದೂರದ ಹಕ್ಕಿಯ ಕೂಗನ್ನೂ ಕೂಡಿಸಿ ಅದಕ್ಕೇ ಒಂದು ಹೆಸರಿಡಬಹುದು. ಆ ಕ್ಷಣ ಕಳೆದರೆ ಆ 'ವಸ್ತು'ವೂ ಕಳೆಯಿತು.

ಇಂಗ್ಲಿಷಿನಲ್ಲಿ ಓದುವವರಿಗೆ ಇದು ವಿಚಿತ್ರವಾಗಿ ಕಾಣಬಹುದು. ಕನ್ನಡಿಗನಿಗೆ ಅಷ್ಟು ವಿಚಿತ್ರವಲ್ಲ. 'ಕತ್ತಲಾಯಿತು', 'ಬೆಳಗಾಯಿತು', 'ಸೆಕೆಯಾಗುತ್ತಿದೆ' ಎಂದು ದಿನವೂ ಹೇಳುತ್ತೇವೆ. ಏನು ಕತ್ತಲಾಯಿತು, ಯಾರು ಬೆಳಗಾದರು ಎಂದು ಯಾರೂ ಕೇಳುವುದಿಲ್ಲ. ಆದರೆ ಬಣ್ಣದ ವಿಷಯದಲ್ಲಿ ನಮ್ಮ ಭಾಷೆ ತ್ಲೋನ್‌ಗೆ ನೇರ ಎದುರು ನಿಲ್ಲುತ್ತದೆ. ನಮ್ಮ ಶಾಲಾ ವ್ಯಾಕರಣದಲ್ಲಿ ಗುಣವಾಚಕವೂ ನಾಮಪದದ ಒಂದು ಬಗೆಯೇ. ಸೀರೆ ಅಂಗಡಿಯಲ್ಲಿ ನಮ್ಮ ಹೆಂಗಸರು ಬಣ್ಣ ಹೇಳುವುದನ್ನು ಕೇಳಿ: ಗಿಣಿಹಸಿರು, ಅರಿಶಿನ, ಕಾವಿ, ಬೂದಿ, ನೇರಳೆ, ಈರುಳ್ಳಿ ಸಿಪ್ಪೆಯ ಬಣ್ಣ. ಪ್ರತಿಯೊಂದರ ಹಿಂದೆಯೂ ಕೈಗೆ ಸಿಗುವ ಒಂದು ಪದಾರ್ಥವಿದೆ. ತ್ಲೋನಿಗರು ವಸ್ತುವನ್ನು ಬಣ್ಣದಿಂದ ಹೆಸರಿಸುತ್ತಾರೆ, ನಾವು ಬಣ್ಣವನ್ನು ವಸ್ತುವಿನಿಂದ ಹೆಸರಿಸುತ್ತೇವೆ. ಈ ವ್ಯತ್ಯಾಸ ಸಣ್ಣದಲ್ಲ. ಗಿಣಿಯನ್ನೇ ಕಾಣದೆ ಬೆಳೆದ ಮಗುವಿಗೆ ಗಿಣಿಹಸಿರು ಎಂದರೆ ಬರೀ ಸದ್ದು.

ತ್ಲೋನ್‌ನಲ್ಲಿ ಕಾಲದ ಬಗ್ಗೆ ಹಲವು ಪಂಥಗಳಿವೆ. ಒಂದು ಪಂಥ ಕಾಲವನ್ನೇ ಒಪ್ಪುವುದಿಲ್ಲ. ಭೂತವೆಂಬುದು ಈಗಿನ ನೆನಪು, ಭವಿಷ್ಯವೆಂಬುದು ಈಗಿನ ಆಸೆ, ಅಷ್ಟೇ. ಇನ್ನೊಂದರ ಪ್ರಕಾರ ಕಾಲವೆಲ್ಲ ಆಗಲೇ ಕಳೆದುಹೋಗಿದೆ, ನಮ್ಮ ಬದುಕು ಅದರ ಮಬ್ಬು ನೆನಪು. ಕಾರ್ಯಕಾರಣ ಸಂಬಂಧವೂ ಅಲ್ಲಿಲ್ಲ. ದಿಗಂತದಲ್ಲಿ ಹೊಗೆ, ಆಮೇಲೆ ಉರಿಯುವ ಬಯಲು, ಆಮೇಲೆ ಅರ್ಧ ಆರಿದ ಸಿಗರೇಟು – ಇವು ಒಂದರ ಹಿಂದೆ ಒಂದು ಮನಸ್ಸಿಗೆ ಬಂದ ಭಾವನೆಗಳು ಮಾತ್ರ. ಇದನ್ನು ಓದಿದಾಗ ನಮಗೆ ನಗು ಬಂತು. 'ಬೆಟ್ಟದಲ್ಲಿ ಹೊಗೆಯಿದೆ, ಆದ್ದರಿಂದ ಬೆಂಕಿಯಿದೆ' ಎಂದು ಎರಡು ಸಾವಿರ ವರ್ಷಗಳಿಂದ ಪಾಠ ಹೇಳಿಕೊಂಡು ಬಂದ ನಮ್ಮ ನೈಯಾಯಿಕರಿಗೆ ತ್ಲೋನ್‌ನಲ್ಲಿ ಕಾಲಿಡಲು ಜಾಗವಿಲ್ಲ.

ಬೋರ್ಹೆಸ್ ಇದನ್ನೆಲ್ಲ ಕಲ್ಪಿಸಿದನೆಂದು ಹೊಗಳುವವರಿದ್ದಾರೆ. ನಮ್ಮ ನಮ್ರ ಅಭಿಪ್ರಾಯದಲ್ಲಿ ಕಲ್ಪನೆ ಅವನದು, ಸರಕು ಹಳೆಯದು. ಬರ್ಕ್ಲಿ, ಹ್ಯೂಮ್ ಅವನ ಪಕ್ಕದಲ್ಲೇ ಇದ್ದರು. ಕಾಲವನ್ನು ನಿರಾಕರಿಸುವ ಒಂದು ಪ್ರಬಂಧವನ್ನು ಅವನು 1940ರ ದಶಕದಲ್ಲಿ ಬರೆದ. ಅದರಲ್ಲಿ ಬೌದ್ಧರ 'ಮಿಲಿಂದ ಪಂಹ'ವನ್ನೂ ಹೆಸರಿಸುತ್ತಾನೆ. ನಮ್ಮ ದೇಶದಲ್ಲಂತೂ ಇದು ಶತಮಾನಗಳ ಜಗಳ. ನೀಲಿಯೂ ನೀಲಿಯ ಅರಿವೂ ಯಾವಾಗಲೂ ಜೊತೆಯಾಗಿಯೇ ಸಿಗುವುದರಿಂದ ಅವೆರಡೂ ಬೇರೆಯಲ್ಲ ಎಂದು ಧರ್ಮಕೀರ್ತಿ ಏಳನೆಯ ಶತಮಾನದಲ್ಲಿ ವಾದಿಸಿದ. ತ್ಲೋನ್ ಇಡೀ ಗ್ರಹವೇ ಆ ಒಂದು ವಾಕ್ಯದ ಮೇಲೆ ನಿಂತಿದೆ ಎನ್ನಬಹುದು.

ಇದಕ್ಕೆ ಎದುರಾಗಿ ನ್ಯಾಯ–ವೈಶೇಷಿಕರದು ಗಡಿಗೆಯ ಮತ. ಕುಂಬಾರನ ಆವಿಗೆಯಲ್ಲಿಟ್ಟ ಹಸಿ ಗಡಿಗೆ ಕಪ್ಪಾಗಿದ್ದದ್ದು ಕೆಂಪಾಗಿ ಹೊರಬರುತ್ತದೆ. ಬಣ್ಣ ಬದಲಾದದ್ದು ಹೇಗೆ? ವೈಶೇಷಿಕರು ಹೇಳಿದರು: ಬೆಂಕಿಯ ಕಾವಿಗೆ ಗಡಿಗೆ ಅಣುಅಣುವಾಗಿ ಒಡೆಯುತ್ತದೆ, ಅಣುಗಳ ಬಣ್ಣ ಬದಲಾಗುತ್ತದೆ, ಅವು ಮತ್ತೆ ಕೂಡಿ ಹೊಸ ಗಡಿಗೆಯಾಗುತ್ತದೆ, ಬಹಳ ವೇಗವಾಗಿ ನಡೆಯುವುದರಿಂದ ಕಣ್ಣಿಗೆ ತಿಳಿಯುವುದಿಲ್ಲ. ಇದು ಪೀಲುಪಾಕವಾದ. ನೈಯಾಯಿಕರು ಒಪ್ಪಲಿಲ್ಲ. ಒಡೆದರೆ ಮೇಲಿಟ್ಟ ಗಡಿಗೆಗಳು ಬೀಳಬೇಕಿತ್ತಲ್ಲ? ಗಡಿಗೆ ಇದ್ದಂತೆಯೇ ಇರುತ್ತದೆ, ಅದರ ಸಣ್ಣ ರಂಧ್ರಗಳಲ್ಲಿ ಬೆಂಕಿ ಹೊಕ್ಕು ಬಣ್ಣ ಬದಲಾಗುತ್ತದೆ ಎಂದರು. ಇದು ಪಿಠರಪಾಕವಾದ. ಈ ಬದಲಾವಣೆಗೆ ಒಂಬತ್ತು ಕ್ಷಣ ಬೇಕೋ ಹತ್ತು ಬೇಕೋ ಹನ್ನೊಂದು ಬೇಕೋ ಎಂದು ಲೆಕ್ಕ ಕೂಡ ಹಾಕಿದರು. ಕಾಲೇಜಿನಲ್ಲಿ ರಸಾಯನಶಾಸ್ತ್ರ ಓದಿದ ನಮಗೆ ಇವರ ಉತ್ತರಗಳು ಸರಿಯೆನಿಸುವುದಿಲ್ಲ. ಆವಿಗೆಯ ಕೆಂಪು ಮಣ್ಣಿನಲ್ಲಿರುವ ಕಬ್ಬಿಣ ಆಮ್ಲಜನಕದೊಡನೆ ಸೇರಿ ಆಗುವ ಕೆಂಪು. ಆದರೆ ಪ್ರಶ್ನೆ ಕೇಳಿದ ರೀತಿಗೆ ನಾವು ತಲೆಬಾಗುತ್ತೇವೆ. ಬಾಯಿ ಮುಚ್ಚಿದ ಆವಿಗೆಯೊಳಗೆ, ಯಾರೂ ನೋಡದಿರುವಾಗ, ಬಣ್ಣಕ್ಕೆ ಏನಾಯಿತು ಎಂದು ಅವರು ಕೇಳಿದರು. ತ್ಲೋನ್‌ನಲ್ಲಿ ಈ ಪ್ರಶ್ನೆಯನ್ನೇ ಕೇಳುವಂತಿಲ್ಲ.

ಕೇಳಿದವನೊಬ್ಬನಿದ್ದ. ಅವನೇ ಕಥೆಯ ಗುಟ್ಟು ಎಂಬುದು ನಮ್ಮ ವಾದ.

ತ್ಲೋನ್‌ನ ಹನ್ನೊಂದನೆಯ ಶತಮಾನದ ಪಾಷಂಡಿಯೊಬ್ಬ ಒಂದು ಸಮಸ್ಯೆಯನ್ನು ಒಡ್ಡುತ್ತಾನೆ. ಮಂಗಳವಾರ ಒಬ್ಬ ನಿರ್ಜನವಾದ ದಾರಿಯಲ್ಲಿ ಒಂಬತ್ತು ತಾಮ್ರದ ನಾಣ್ಯ ಕಳೆದುಕೊಳ್ಳುತ್ತಾನೆ. ಗುರುವಾರ ಇನ್ನೊಬ್ಬನಿಗೆ ಅದೇ ದಾರಿಯಲ್ಲಿ ನಾಲ್ಕು ಸಿಗುತ್ತವೆ. ಬುಧವಾರದ ಮಳೆಗೆ ಅವು ಸ್ವಲ್ಪ ತುಕ್ಕು ಹಿಡಿದಿವೆ. ಶುಕ್ರವಾರ ಮತ್ತೊಬ್ಬನಿಗೆ ಮೂರು ಸಿಗುತ್ತವೆ. ಅದೇ ಶುಕ್ರವಾರ ಬೆಳಿಗ್ಗೆ ಮೊದಲನೆಯವನಿಗೆ ತನ್ನ ಮನೆಯ ಪಡಸಾಲೆಯಲ್ಲೇ ಎರಡು ಸಿಗುತ್ತವೆ. ಹಾಗಾದರೆ ನಡುವಿನ ದಿನಗಳಲ್ಲಿ ಆ ನಾಣ್ಯಗಳು ಯಾರ ಕಣ್ಣಿಗೂ ಬೀಳದೆ ಇದ್ದವು ಎಂದಾಗಲಿಲ್ಲವೆ? ನಮಗೆ ಇದು ಎಳೆಯ ಮಕ್ಕಳ ಲೆಕ್ಕ. ತ್ಲೋನ್‌ನಲ್ಲಿ ಇದು ಧರ್ಮದ್ರೋಹ, ಅಲ್ಲಿನ ಭಾಷೆಯಲ್ಲಿ ಹೇಳಲೂ ಬಾರದ ಮಾತು.

ಪಂಡಿತರು ಖಂಡನೆಗೆ ನಿಲ್ಲುತ್ತಾರೆ. 'ಕಳೆದ', 'ಸಿಕ್ಕ' ಎಂಬ ಪದಗಳೇ ಮೋಸ, ಅವು ಸಾಧಿಸಬೇಕಾದದ್ದನ್ನು ಮೊದಲೇ ಒಪ್ಪಿಸಿಬಿಡುತ್ತವೆ ಎನ್ನುತ್ತಾರೆ. ಒಂದೇ ಬಗೆಯ ಎಂದರೆ ಒಂದೇ ಎಂದಲ್ಲ ಎನ್ನುತ್ತಾರೆ. ಒಂಬತ್ತು ಜನರಿಗೆ ಒಂಬತ್ತು ರಾತ್ರಿ ನೋವಾದರೆ ಅದು ಒಂದೇ ನೋವೆ? ನಮ್ಮ ಬೌದ್ಧರ ಉತ್ತರವೂ ಇದೇ: ದೀಪದ ಕುಡಿ ಕ್ಷಣಕ್ಷಣಕ್ಕೆ ಬೇರೆ, ಕತ್ತರಿಸಿದ ಮೇಲೆ ಬೆಳೆದ ಕೂದಲು ಬೇರೆ, ಹೋಲಿಕೆಯನ್ನು ಕಂಡು ನಾವು ಅದೇ ಎಂದು ಭ್ರಮಿಸುತ್ತೇವೆ. ಕೊನೆಗೆ ಒಬ್ಬ ಧೈರ್ಯಶಾಲಿ, ಇರುವ ಅರಿವು ಒಂದೇ, ಕಳೆದವನೂ ಸಿಕ್ಕವನೂ ಒಬ್ಬನೇ ಎಂದು ಹೇಳಿ ಗೆಲ್ಲುತ್ತಾನೆ. ಏಕಜೀವವಾದದ ಹೆಸರು ಕೇಳಿದವರಿಗೆ ಈ ಧಾಟಿ ಹೊಸದಲ್ಲ.

ಎಲ್ಲಕ್ಕೂ ಉತ್ತರ ಬಂತು. ಆ ಕಲೆಯೊಂದಕ್ಕೆ ಬರಲಿಲ್ಲ. ನಾಣ್ಯದ ಮೇಲಿನ ತುಕ್ಕಿನ ಮಾತು ಕುಟಿಲವಾದದ್ದು, ನಾಣ್ಯಗಳು ಉಳಿದಿದ್ದವೆಂದು ಅದು ಮೊದಲೇ ಒಪ್ಪಿಸುತ್ತದೆ ಎಂದು ಪಂಡಿತರು ಅದನ್ನು ಬದಿಗೆ ಸರಿಸುತ್ತಾರೆ, ಅಷ್ಟೆ. ಕಲೆ ಎಲ್ಲಿಂದ ಬಂತು ಎಂದು ಅವರಲ್ಲಿ ಒಬ್ಬನೂ ಹೇಳುವುದಿಲ್ಲ. ಒಪ್ಪಿಗೆಯಾಗದ ಕಾಗದವನ್ನು 'ಪರಿಶೀಲನೆಗೆ ಬರುವುದಿಲ್ಲ' ಎಂದು ಷರಾ ಬರೆದು ವಾಪಸು ಕಳಿಸುವುದು ನಮಗೆಲ್ಲ ಗೊತ್ತಿರುವ ವಿದ್ಯೆಯೇ.

ಇಲ್ಲಿ ಬೋರ್ಹೆಸ್‌ನ ಮೇಲೂ ಒಂದು ತಕರಾರು ಹೇಳಬೇಕು. ತಾಮ್ರಕ್ಕೆ ತುಕ್ಕು ಹಿಡಿಯುವುದಿಲ್ಲ. ತುಕ್ಕು ಕಬ್ಬಿಣಕ್ಕೆ, ತಾಮ್ರಕ್ಕೆ ಹಿಡಿಯುವುದು ಕಿಲುಬು. ಇಂಗ್ಲಿಷ್ ಅನುವಾದದ ತುಕ್ಕು ಮೂಲದಲ್ಲೂ ತುಕ್ಕೇ. ನಮ್ಮ ಅಜ್ಜಿಯರು ಈ ಎರಡು ಮಾತನ್ನು ಎಂದೂ ಕಲಸುತ್ತಿರಲಿಲ್ಲ, ಏಕೆಂದರೆ ಕಿಲುಬಿಗೆ ಹುಣಿಸೆಹಣ್ಣು ಹಾಕಿ ತಿಕ್ಕುವವರು ಅವರೇ. ತಾಮ್ರ ಗಾಳಿಯ ತೇವ, ಇಂಗಾಲದ ಡೈಆಕ್ಸೈಡುಗಳೊಡನೆ ಸೇರಿ ಹಸಿರಾಗಲು ಒಂದು ರಾತ್ರಿಯ ಮಳೆ ಸಾಲದು, ತಿಂಗಳು ವರ್ಷಗಳೇ ಬೇಕು. ಇದು ಲೇಖಕನ ಅಜಾಗರೂಕತೆಯಿರಬಹುದು, ತ್ಲೋನ್‌ನ ರಸಾಯನಶಾಸ್ತ್ರವೇ ಬೇರೆ ಎಂಬ ಹಾಸ್ಯವೂ ಇರಬಹುದು. ಹೇಗಿದ್ದರೂ ಅವನ ಒಳನೋಟ ಸರಿಯಾದದ್ದೇ: ವಸ್ತುವಿನ ಮೇಲೆ ಬದಲಾದ ಬಣ್ಣವೆಂದರೆ ನಾವಿಲ್ಲದಾಗ ಕಳೆದ ಕಾಲದ ರುಜು.

ಈ ಕಾಲವನ್ನು ಅರಿಯುವವರು ಯಾರು ಎಂಬ ಪ್ರಶ್ನೆಗೆ ಕನ್ನಡ ನಾಡಿನಿಂದಲೇ ಒಂದು ಉತ್ತರವಿದೆ. ಉಡುಪಿಯ ಮಧ್ವಾಚಾರ್ಯರ ಮತದಲ್ಲಿ ಕಾಲವನ್ನು ಕಣ್ಣು ಕಾಣುವುದಿಲ್ಲ. ಸಾಕ್ಷಿ ಎಂಬ ಒಳಗಿನ ಅರಿವೇ ಅದನ್ನು ನೇರವಾಗಿ ಕಾಣುತ್ತದೆ. ಗಾಢನಿದ್ದೆಯಿಂದ ಎದ್ದವನೂ ಇಷ್ಟು ಹೊತ್ತು ಸುಖವಾಗಿ ಮಲಗಿದ್ದೆ ಎನ್ನುತ್ತಾನಲ್ಲ, ಆ 'ಇಷ್ಟು ಹೊತ್ತು' ಅವನಿಗೆ ಹೇಗೆ ತಿಳಿಯಿತು? ತ್ಲೋನ್‌ನಲ್ಲಿ ಎಲ್ಲವೂ ಇದೆ, ಈ ಸಾಕ್ಷಿಯೊಂದಿಲ್ಲ.

ಸಾಕ್ಷಿಯಿಲ್ಲದ ಲೋಕ ಹೇಗಿರುತ್ತದೆ ಎಂಬುದಕ್ಕೆ ಬೋರ್ಹೆಸ್ ಕೊಡುವ ಚಿತ್ರ 'ಹ್ರೋನಿರ್'. ಇಬ್ಬರು ಒಂದು ಪೆನ್ಸಿಲ್ ಹುಡುಕುತ್ತಾರೆ. ಮೊದಲನೆಯವನಿಗೆ ಸಿಗುತ್ತದೆ, ಅವನು ಸುಮ್ಮನಿರುತ್ತಾನೆ. ಎರಡನೆಯವನಿಗೂ ಒಂದು ಪೆನ್ಸಿಲ್ ಸಿಗುತ್ತದೆ, ಅದೂ ನಿಜವಾದದ್ದೇ, ಆದರೆ ಅವನ ನಿರೀಕ್ಷೆಗೆ ಹೆಚ್ಚು ಹೊಂದುವಂಥದ್ದು. ಈ ಎರಡನೆಯ ಪೆನ್ಸಿಲ್ ಒಂದು ಹ್ರೋನ್. ಶಾಲೆಯೊಂದರ ವಿದ್ಯಾರ್ಥಿಗಳಿಂದ ನೆಲ ಅಗೆಸಿದರೆ ಪುರಾತನ ವಸ್ತುಗಳೇ ಬರುತ್ತವೆ. ಹೀಗೆ ಭೂತಕಾಲವನ್ನು ಬೇಕಾದಂತೆ ತಯಾರಿಸಬಹುದು. ಮರೆತದ್ದು ಮಾಸಿಹೋಗುತ್ತದೆ, ಒಬ್ಬ ಭಿಕ್ಷುಕ ಬಂದು ಹೋಗುತ್ತಿರುವಷ್ಟು ದಿನ ಉಳಿದಿದ್ದ ಹೊಸ್ತಿಲೊಂದು ಅವನು ಸತ್ತ ಮೇಲೆ ಕಾಣೆಯಾಗುತ್ತದೆ.

ಹೊಸ್ತಿಲಿನ ಮಾತು ಬಂದದ್ದರಿಂದ ನಮ್ಮ ಮನೆಯ ಒಂದು ಸಂಗತಿ ಹೇಳಲು ಅನುಮತಿ ಬೇಡುತ್ತೇವೆ. ನಮ್ಮದು ಹಾವೇರಿ ಕಡೆಯ ಒಂದು ಹಳ್ಳಿ. ಊರಿನ ಮನೆ ಮಾರುವ ಮಾತು ನಡೆದಾಗ ಪುಣೆಯಲ್ಲಿರುವ ತಮ್ಮನೊಡನೆ ಫೋನಿನಲ್ಲಿ ಹರಟುತ್ತ, "ಆ ಹಸಿರು ತಲೆಬಾಗಿಲನ್ನಾದರೂ ತಂದಿಟ್ಟುಕೊಳ್ಳೋಣವೇನೋ" ಎಂದೆವು. ಅವನು, "ಯಾವ ಹಸಿರು ಅಣ್ಣಾ? ಅದು ನೀಲಿ ಬಾಗಿಲು" ಎಂದ. ನಾವು ನಕ್ಕೆವು. ಅವನು ನಗಲಿಲ್ಲ. ಅವ್ವ ನೀಲಿ ಬಾಗಿಲಿಗೆ ಒರಗಿ ಕುಳಿತು ಅಕ್ಕಿ ಆರಿಸುತ್ತಿದ್ದದ್ದು ಅವನ ಕಣ್ಣಿಗೆ ಕಟ್ಟಿದಂತಿದೆಯಂತೆ. ನಮ್ಮ ಕಣ್ಣಿಗೆ ಕಟ್ಟಿದ ಅವ್ವ ಒರಗಿದ್ದು ಹಸಿರು ಬಾಗಿಲಿಗೆ. ಅವ್ವ ಇಲ್ಲ, ಕೇಳುವಂತಿಲ್ಲ. ಒಂದು ವಾರ ಇಬ್ಬರೂ ಮಾತಾಡಲಿಲ್ಲ ಎಂದರೆ ಓದುಗರು ನಂಬಲಿಕ್ಕಿಲ್ಲ. ಊರಿಗೆ ಹೋದಾಗ ನೋಡಿದರೆ, ಬಾಡಿಗೆಯವರು ಅದಕ್ಕೆ ಕಂದು ಬಣ್ಣ ಬಳಿದಿದ್ದರು. ಬೀಗದ ಕೈಯಿಂದ ಒಂದು ಮೂಲೆಯಲ್ಲಿ ಕೆರೆದೆವು. ಕಂದಿನ ಕೆಳಗೆ ನೀಲಿ, ನೀಲಿಯ ಕೆಳಗೆ ಹಸಿರು. ತಮ್ಮ ನಮಗಿಂತ ಏಳು ವರ್ಷ ಚಿಕ್ಕವನು. ಹಸಿರಿನ ಕೆಳಗೆ ಇನ್ನೂ ಒಂದು ಪದರವಿತ್ತು, ಕಾವಿ. ಅದು ನಾವು ಹುಟ್ಟುವ ಮೊದಲಿನದಿರಬೇಕು. ಅದನ್ನು ಕಂಡವರು ನಮ್ಮ ಮನೆತನದಲ್ಲಿ ಈಗ ಒಬ್ಬರೂ ಇಲ್ಲ. ಆದರೂ ಅದು ಅಲ್ಲಿತ್ತು.

ಆ ದಿನದ ನಂತರ ಈ ಕಥೆ ನಮಗೆ ಬೇರೆಯಾಗಿ ಓದಿಸಿಕೊಳ್ಳತೊಡಗಿತು. ಮಿತ್ರರು ಹೇಳಿದ ಗರಡಿಮನೆ ಅಲ್ಲಿ ಇದೆ, ನಿಜ. ಆದರೆ ಅದರ ಗೋಡೆಯಾಚೆ ಯಾರೋ ಏನನ್ನೋ ಕಳೆದುಕೊಂಡು ಕುಳಿತಿದ್ದಾರೆ.

ಪರನಾಡಿನಲ್ಲಿರುವ ಕನ್ನಡಿಗರು ಈ ಕಥೆಯ ಕೊನೆಯನ್ನು ಓದಿದರೆ ಹಿಂದಿ, ಇಂಗ್ಲಿಷುಗಳ ನಡುವೆ ಕನ್ನಡ ಕರಗುವ ಕಥೆಯಂತೆ ಓದಲು ಮನಸ್ಸಾಗುತ್ತದೆ. ಶಾಲೆಯಲ್ಲಿ ಬೇರೊಂದು ಭಾಷೆ, ಬೇರೊಂದು ಇತಿಹಾಸ ಬಂದು ಮಕ್ಕಳ ನೆನಪನ್ನು ಅಳಿಸುವುದು ನಮಗೆ ತಟ್ಟುವ ಮಾತೇ. ಆದರೆ ಆ ಓದು ನಮಗೆ ತೀರ ಅನುಕೂಲದ್ದು, ತಪ್ಪೆಲ್ಲ ಹೊರಗಿನವರದಾಗುತ್ತದೆ. ತ್ಲೋನ್ ಗೆಲ್ಲುವುದು ದಂಡೆತ್ತಿ ಬಂದಲ್ಲ. ಅದು ಅಚ್ಚುಕಟ್ಟಾಗಿದೆ, ಅದರಲ್ಲಿ ಎಲ್ಲಕ್ಕೂ ಉತ್ತರವಿದೆ, ಆದ್ದರಿಂದ ಜನ ತಾವಾಗಿ ಒಪ್ಪಿಕೊಳ್ಳುತ್ತಾರೆ. 1940ರಲ್ಲಿ ಯೂರೋಪು ಹೊತ್ತಿ ಉರಿಯುತ್ತಿದ್ದಾಗ ಬರೆದ ಬೋರ್ಹೆಸ್ ನಾಜಿಸಂನ ಹೆಸರನ್ನೇ ಎತ್ತುತ್ತಾನೆ; ಅಂಥ ಅಚ್ಚುಕಟ್ಟಾದ ವ್ಯವಸ್ಥೆಗಳಿಗೆ ಮನುಷ್ಯ ಸೋಲುತ್ತಾನೆ ಎಂದು. ನವೆಂಬರ್ ಬಂತೆಂದರೆ ನಾವು ವೇದಿಕೆಯ ಮೇಲೆ ಕಟ್ಟುವ ಕರ್ನಾಟಕವನ್ನು ಈ ದೃಷ್ಟಿಯಿಂದ ಒಮ್ಮೆ ನೋಡಬೇಕು. ಅಲ್ಲಿ ಹೊಳೆ ಬತ್ತಿರುವುದ���ಲ್ಲ, ಬಾಗಿಲಿಗೆ ಬೀಗ ಬಿದ್ದಿರುವುದಿಲ್ಲ, ಎಲ್ಲ ಬಾಗಿಲೂ ಹಸಿರು. ಕಳೆದದ್ದನ್ನು ಹುಡುಕಿ ನಾವು ತಂದದ್ದು ನಮ್ಮ ನಿರೀಕ್ಷೆಗೆ ಹೊಂದುವ ಎರಡನೆಯ ಪೆನ್ಸಿಲನ್ನೇ. ಈ ಮಾತಿಗೆ ಸಂಘದ ಹಿರಿಯರು ಮುನಿಸಿಕೊಂಡರೆ ನಾವೇನೂ ಮಾಡುವಂತಿಲ್ಲ. ಆ ವೇದಿಕೆಗೆ ನಾವೂ ಹಗ್ಗ ಕಟ್ಟಿದವರೇ.

ಕಥೆಯಲ್ಲಿ ದೋಷಗಳಿಲ್ಲವೆಂದಲ್ಲ. ಬೋರ್ಹೆಸ್ ತನ್ನ ಸ್ನೇಹಿತ ಲೇಖಕರ ಹೆಸರುಗಳನ್ನು ಸಾಲಾಗಿ ತುರುಕಿದ್ದಾನೆ. ಬ್ಯೂನಸ್ ಐರಿಸ್‌ನ ಕಾಫಿ ಅಂಗಡಿಯಲ್ಲಿ ಅದಕ್ಕೆ ನಗೆ ಎದ್ದಿರಬಹುದು, ನಮ್ಮವರೆಗೆ ಅದು ತಲುಪುವುದಿಲ್ಲ. ನಡುಭಾಗ ಇಲಾಖೆಯ ವರದಿಯಂತೆ ಭಾರ. ಮನುಷ್ಯರೆಂದು ಹೇಳಬಹುದಾದವನು ಆ ಮೂಕ ಎಂಜಿನಿಯರ್ ಒಬ್ಬನೇ, ಅವನನ್ನೂ ಬೇಗ ಸಾಯಿಸಿಬಿಡುತ್ತಾನೆ. ಒಂದು ಚಮತ್ಕಾರವಂತೂ ಈಗ ಕೆಲಸ ಮಾಡುವುದೇ ಇಲ್ಲ: 1940ರಲ್ಲಿ ಅಚ್ಚಾದ ಕಥೆಯ ಹಿಂಬರಹಕ್ಕೆ ಅವನು ಹಾಕಿದ ತಾರೀಖು 1947. ಅಂದಿನ ಓದುಗನ ಕೈಯಲ್ಲಿದ್ದದ್ದು ಇನ್ನೂ ಬಾರದ ವರ್ಷದ ಬರಹ. ಇಂದು ನಮಗೆ ಎರಡೂ ಹಳೆಯ ತಾರೀಖುಗಳೇ. ಕಾಲವನ್ನು ಅಲ್ಲಗಳೆದ ಕಥೆಯ ಮೇಲೆ ಕಾಲವೇ ಕಿಲುಬು ಹಿಡಿಸಿದೆ.

ಈ ಕಥೆ ಬರೆದಾಗ ಬೋರ್ಹೆಸ್ ಪುರಸಭೆಯ ಒಂದು ಗ್ರಂಥಾಲಯದಲ್ಲಿ ಸಣ್ಣ ಹುದ್ದೆಯಲ್ಲಿದ್ದ. ಬಂದ ಹೊಸದರಲ್ಲಿ ಹುರುಪಿನಿಂದ ಪುಸ್ತಕಗಳನ್ನು ವರ್ಗೀಕರಿಸತೊಡಗಿದ್ದಕ್ಕೆ ಸಹೋದ್ಯೋಗಿಗಳು ಕರೆದು, ಇಷ್ಟು ಕೆಲಸ ಮಾಡಿದರೆ ನಮ್ಮ ಗತಿಯೇನು ಎಂದು ಎಚ್ಚರಿಸಿದರೆಂದು ತಾನೇ ಬರೆದುಕೊಂಡಿದ್ದಾನೆ. (ಗುಮಾಸ್ತರ ಲೋಕ ಎಲ್ಲ ಗ್ರಹಗಳಲ್ಲೂ ಒಂದೇ.) 1955ರಲ್ಲಿ ಅವನು ರಾಷ್ಟ್ರೀಯ ಗ್ರಂಥಾಲಯದ ನಿರ್ದೇಶಕನಾದ, ಅಷ್ಟರಲ್ಲಿ ಓದಲಾರದಷ್ಟು ಕಣ್ಣು ಹೋಗಿತ್ತು. 1977ರ ಒಂದು ಉಪನ್ಯಾಸದಲ್ಲಿ ತನ್ನ ಕುರುಡಿನ ಬಣ್ಣಗಳನ್ನು ಅವನು ವಿವರಿಸಿದ. ಕುರುಡೆಂದರೆ ಕಪ್ಪಲ್ಲ, ಅವನಿಗೆ ಕಪ್ಪೇ ಕಾಣದಾಯಿತು, ಕೆಂಪೂ ಹೋಯಿತು, ಸುತ್ತ ಮಬ್ಬು ಮಂಜು ಕವಿದಿತ್ತು. ಹಳದಿಯೊಂದು ಕೊನೆಯವರೆಗೂ ಕೈಬಿಡಲಿಲ್ಲ. ಚಿಕ್ಕಂದಿನಲ್ಲಿ ಮೃಗಾಲಯದ ಹುಲಿಯ ಬೋನಿನ ಮುಂದೆ ಹೊತ್ತು ಮರೆತು ನಿಲ್ಲುತ್ತಿದ್ದವನು ಅವನು. ವಸ್ತುಗಳಳಿದು ಬರೀ ಬಣ್ಣಗಳುಳಿದ ತ್ಲೋನ್‌ನಲ್ಲಿ ಮೂವತ್ತು ವರ್ಷ ಬದುಕಿದ ಮನುಷ್ಯನಾದರೂ ಉಳಿದ ಆ ಒಂದು ಬಣ್ಣವನ್ನು ಅವನು ಹುಲಿಯದೆಂದೇ ಗುರುತಿಸಿದ. 1972ರ ಅವನ ಕವನ ಸಂಗ್ರಹದ ಹೆಸರು 'ಹುಲಿಗಳ ಚಿನ್ನ'. ನಮ್ಮ ಗಿಣಿಹಸಿರಿನ ಹಾಗೆಯೇ.

ಕಥೆಯ ಕೊನೆಯಲ್ಲಿ ಜಗತ್ತೆಲ್ಲ ತ್ಲೋನ್ ಆಗುತ್ತಿರುವಾಗ ನಿರೂಪಕ ಏನು ಮಾಡುತ್ತಾನೆ? ಒಂದು ಹೋಟೆಲಿನಲ್ಲಿ ಕುಳಿತು, ಪ್ರಕಟಿಸುವ ಉದ್ದೇಶವಿಲ್ಲದೆ, ಹಳೆಯ ಇಂಗ್ಲಿಷ್ ಗ್ರಂಥವೊಂದನ್ನು ತನ್ನ ಸ್ಪ್ಯಾನಿಷಿಗೆ ಅನುವಾದಿಸಿ ತಿದ್ದುತ್ತಿರುತ್ತಾನೆ. ಇದನ್ನು ಪಲಾಯನವೆಂದು ಕರೆದವರಿದ್ದಾರೆ. ಆ ಗ್ರಂಥ ಯಾವುದೆಂದು ಅವರು ವಿಚಾರಿಸಲಿಲ್ಲವೆಂದು ಕಾಣುತ್ತದೆ. ಅದು ಸರ್ ಥಾಮಸ್ ಬ್ರೌನ್ ಎಂಬ ವೈದ್ಯ 1658ರಲ್ಲಿ ಪ್ರಕಟಿಸಿದ, ಅಸ್ಥಿಕುಂಭಗಳನ್ನು ಕುರಿತ ಪುಸ್ತಕ. ಇಂಗ್ಲೆಂಡಿನ ನಾರ್ಫೋಕ್ ಪ್ರಾಂತದ ಒಂದು ಹೊಲದಲ್ಲಿ ನೆಲ ಅಗೆದಾಗ, ಸುಟ್ಟ ಎಲುಬುಗಳು ತುಂಬಿದ ಮಣ್ಣಿನ ಗಡಿಗೆಗಳು ಸಿಕ್ಕಿದ್ದವು. ಯಾರೂ ಅವನ್ನು ಹುಡುಕಿರಲಿಲ್ಲ, ಯಾರೂ ನಿರೀಕ್ಷಿಸಿರಲಿಲ್ಲ. ಬ್ರೌನ್ ಅವು ರೋಮನ್ನರವೆಂದು ತಿಳಿದು ಬರೆದ. ಅವನ ಊಹೆ ತಪ್ಪಾಗಿತ್ತು. ಅವು ಸ್ಯಾಕ್ಸನ್ ಜನರವೆಂದು ಮುಂದೆ ಗೊತ್ತಾಯಿತು. ಹ್ರೋನ್ ಆಗಿದ್ದರೆ ಅವು ರೋಮನ್ ಗಡಿಗೆಗಳೇ ಆಗಿರುತ್ತಿದ್ದವು.